ಎಂಟು ಪುಟಕ್ಕೆ ಹೆಚ್ಚಾದ ಸಾಲುಗಳು

9 ಜನವರಿ

ಮಾನ್ಯರೇ,

ನಮಸ್ಕಾರ. ನಾನು ಯಾರೆಂದು ನಿಮಗೆ ಗೊತ್ತಿಲ್ಲ. ಆದರೆ ನೀವು ಅಚ್ಚುಮೊಳೆ ಜೋಡಿಸಿದ ಪುಟಗಳನ್ನು ಓದಿಯೇ ನಾನು ದೊಡ್ಡವಳಾದೆ. ನಲವತ್ತೆರಡು ವರ್ಷದ ಹಿಂದೆ ನಿಮ್ಮ ಅಚ್ಚುಕೂಟದಿಂದ ಬರುತ್ತಿದ್ದ ಮಾಸಪತ್ರಿಕೆಯಲ್ಲಿ, ಎರಡು ವರ್ಷ ಧಾರಾವಾಹಿಯಾಗಿ ಬಂದ ಕಾದಂಬರಿಯೊಂದು ನಿಮಗೆ ನೆನಪಿರಬಹುದು. ಬಟ್ಟೆ ಹೊಲಿಯುವ ಹೆಂಗಸಿನ ಕಥೆ, ಇಪ್ಪತ್ತನಾಲ್ಕು ಅಧ್ಯಾಯ. ಅದನ್ನು ಬರೆದವಳು ನನ್ನ ದೊಡ್ಡಮ್ಮ, ಅಮ್ಮನ ಅಕ್ಕ. ಕೊನೆಯ ಅಧ್ಯಾಯ ಬಂದ ನಾಲ್ಕೇ ತಿಂಗಳಿಗೆ ತೀರಿಕೊಂಡಳು. ಕಾದಂಬರಿ ಪುಸ್ತಕವಾದದ್ದು ಆಮೇಲೆ, ಪತ್ರಿಕೆಯ ಪುಟಗಳನ್ನೇ ನೋಡಿಕೊಂಡು.

ಈಗ ಅದರ ಪರಿಷ್ಕೃತ ಆವೃತ್ತಿ ತರುವ ಕೆಲಸ ನನ್ನ ಪಾಲಿಗೆ ಬಂದಿದೆ. ಹಳೆಯ ಪಠ್ಯಗಳನ್ನು ಸಾಲು ಸಾಲಾಗಿ ಹೋಲಿಸಿ ನೋಡುವುದೇ ನನ್ನ ಉದ್ಯೋಗ, ಹಾಗಾಗಿ ಈ ಕೆಲಸವನ್ನು ಇನ್ನೊಬ್ಬರಿಗೆ ಬಿಟ್ಟುಕೊಡಲು ಮನಸ್ಸಾಗಲಿಲ್ಲ. ದೊಡ್ಡಮ್ಮನ ನೋಟ್‌ಬುಕ್ಕುಗಳು ನನ್ನ ಬಳಿ ಇವೆ. ಅವಳ ಅಕ್ಷರ ಬ್ರಹ್ಮಲಿಪಿ. ಅದಕ್ಕೇ ನನ್ನ ಅಮ್ಮ ಪ್ರತಿ ಅಧ್ಯಾಯವನ್ನೂ ದುಂಡಗೆ ನಕಲು ಮಾಡಿ ನಿಮಗೆ ಕಳಿಸುತ್ತಿದ್ದಳು. ನಕಲಿನಲ್ಲಿ ಒಂದು ಅಕ್ಷರವನ್ನೂ ಬಿಟ್ಟಿಲ್ಲ ಎಂದು ಅಮ್ಮ ಇವತ್ತಿಗೂ ಎದೆ ತಟ್ಟಿ ಹೇಳುತ್ತಾಳೆ.

ವಿಷಯ ಇದು. ನೋಟ್‌ಬುಕ್ಕಿನಲ್ಲಿರುವ ನಲವತ್ತೊಂದು ವಾಕ್ಯಗಳು ಅಚ್ಚಿನಲ್ಲಿ ಇಲ್ಲ. ಒಂದು ಉದಾಹರಣೆ ಕೊಡುತ್ತೇನೆ. ಏಳನೆಯ ಅಧ್ಯಾಯದಲ್ಲಿ ಆ ಹೆಂಗಸಿನ ಅಣ್ಣ ಮನೆ ಬಿಟ್ಟು ಹೋಗುತ್ತಾನೆ. ನೋಟ್‌ಬುಕ್ಕಿನಲ್ಲಿ ಹೀಗಿದೆ: "ಅವಳು ಎರಡು ಲೋಟ ತೊಳೆದು, ಒಂದನ್ನು ಮೇಲಿನ ಹಲಗೆಗೆ ಎತ್ತಿಟ್ಟಳು. ಇನ್ನು ಅದು ಬೇಕಾಗುವುದಿಲ್ಲ ಎಂದು ಅವಳಿಗೆ ಅನ್ನಿಸಿತು." ಅಚ್ಚಿನಲ್ಲಿ "ಎತ್ತಿಟ್ಟಳು" ಎಂಬಲ್ಲಿಗೆ ಅಧ್ಯಾಯ ಮುಗಿಯುತ್ತದೆ. ಅನ್ನಿಸಿದ್ದು ಏನು ಎಂಬುದು ಓದುವವರ ಪಾಲಿಗೆ. ಇದನ್ನು ಮೊದಲ ಸಲ ಕಂಡಾಗ ನಾನು ಗ್ರಂಥಾಲಯದ ಮೇಜಿನ ಮುಂದೆ ಮೈ ಜುಮ್ಮೆಂದು ಎದ್ದು ನಿಂತುಬಿಟ್ಟೆ. ಉಳಿದ ನಲವತ್ತೂ ಇಂಥವೇ. ಕರಡು ತಿದ್ದುವಾಗ ದೊಡ್ಡಮ್ಮ ತಾನೇ ಬರೆದದ್ದನ್ನು ತಾನೇ ಎಷ್ಟು ನಿರ್ದಯವಾಗಿ ಕಿತ್ತಿದ್ದಾಳೆ. ಅವಳ ಶೈಲಿಯ ಗುಟ್ಟು ಇಲ್ಲೇ ಇದೆ ಎಂದು ನನ್ನ ನಂಬಿಕೆ.

ಅವಳು ತಿದ್ದಿದ ಕರಡಚ್ಚಿನ ಹಾಳೆಗಳು ಎಲ್ಲಾದರೂ ಉಳಿದಿವೆಯೇ? ಅಚ್ಚುಕೂಟದ ಮಾಲೀಕರ ಮಗ ನಿಮ್ಮ ವಿಳಾಸ ಕೊಟ್ಟು, ಅಂಥದ್ದೇನಾದರೂ ಇದ್ದರೆ ನಿಮಗೆ ಮಾತ್ರ ಗೊತ್ತಿರುತ್ತದೆ ಎಂದರು.

ಇಂತಿ ನಮಸ್ಕಾರಗಳು,
ನಕಲು ಮಾಡುತ್ತಿದ್ದವರ ಮಗಳು


2 ಫೆಬ್ರವರಿ

ಅಮ್ಮಾ,

ಕಾಗದ ತಲುಪಿತು. ಉತ್ತರ ತಡವಾಯಿತು, ತಪ್ಪು ತಿಳಿಯಬೇಡಿ. ಮೂವತ್ತೆಂಟು ವರ್ಷ ಬೇರೆಯವರ ಅಕ್ಷರ ಜೋಡಿಸಿದೆ, ಸ್ವಂತ ಕೈಯಲ್ಲಿ ಬರೆದದ್ದು ಕಡಿಮೆ. ನನ್ನ ಅಕ್ಷರ ನೋಡಿದರೆ ನಿಮ್ಮ ದೊಡ್ಡಮ್ಮನವರದು ಮುತ್ತು ಅನ್ನಿಸೀತು.

ಕಾದಂಬರಿ ನೆನಪಿದೆ. ಚೆನ್ನಾಗಿ ನೆನಪಿದೆ. ಕರಡುಗಳು ಉಳಿದಿಲ್ಲ. ಪ್ರೆಸ್ಸು ಮುಚ್ಚುವಾಗ ಕಾಗದವೆಲ್ಲ ರದ್ದಿಗೆ ಹೋಯಿತು, ಮೊಳೆಗಳನ್ನು ಕರಗಿಸಿದರು. ಮೊಳೆ ಇಡುವ ಮರದ ಕೇಸುಗಳನ್ನು ಯಾರೋ ಮನೆಯಲ್ಲಿ ಮಸಾಲೆ ಪುಡಿ ಇಡಲು ಬೇಕೆಂದು ಕೊಂಡೊಯ್ದರು. ಗೂಡುಗಳು ಹೇಗೂ ಅಷ್ಟೇ ಚಿಕ್ಕವು.

ಮೊಳೆ ಜೋಡಿಸುವವನು ಓದುವುದು ನೀವು ಓದುವ ಹಾಗಲ್ಲ ಅಮ್ಮಾ. ಅಕ್ಷರಗಳು ಕನ್ನಡಿಯಲ್ಲಿ ಕಂಡಂತೆ ಉಲ್ಟಾ ಇರುತ್ತವೆ. ಒಂದೊಂದೇ ಅಕ್ಷರ ಎತ್ತಿ ಎಡಗೈಯ ಪಟ್ಟಿಯಲ್ಲಿ ನಿಲ್ಲಿಸುತ್ತ ಹೋಗಬೇಕು. ಒಂದು ಪುಟಕ್ಕೆ ಅರ್ಧ ದಿನ. ನೀವು ಒಂದು ಗುಟುಕಿಗೆ ಓದಿದ್ದನ್ನು ನಾವು ಒಂದೊಂದು ಕಾಳು ಆರಿಸಿದ ಹಾಗೆ ಓದುತ್ತೇವೆ. ಹೆಚ್ಚಿನವರು ಅರ್ಥಕ್ಕೆ ಹೋಗುವುದಿಲ್ಲ, ಹೋದರೆ ಕೈ ನಿಧಾನವಾಗುತ್ತದೆ. ನಿಮ್ಮ ದೊಡ್ಡಮ್ಮನವರ ಕಾಗದ ಬಂದಾಗ ಮಾತ್ರ ನನ್ನ ಕೈ ನಿಧಾನವಾಗುತ್ತಿತ್ತು. ಮಾಲೀಕರು ಬೈಯುತ್ತಿದ್ದರು.

ಒಂದು ಮಾತು ಕೇಳಬಹುದೇ. ಆ ನಲವತ್ತೊಂದು ಯಾವುವು ಎಂದು ಪಟ್ಟಿ ಮಾಡಿದ್ದೀರಾ? ಅವನ್ನು ಏನು ಮಾಡುತ್ತೀರಿ?

ಇಂತಿ,
ಮೊಳೆ ಜೋಡಿಸುತ್ತಿದ್ದವನು


11 ಫೆಬ್ರವರಿ

ಹಿರಿಯರೇ,

ನಿಮ್ಮ ಕಾಗದವನ್ನು ಅಮ್ಮನಿಗೆ ಓದಿ ಹೇಳಿದೆ. ಮಸಾಲೆ ಪುಡಿಯ ಮಾತಿಗೆ ಅವಳು ನಕ್ಕದ್ದು ನಿಲ್ಲಲು ಬಹಳ ಹೊತ್ತು ಬೇಕಾಯಿತು. ದೊಡ್ಡಮ್ಮ ನಿಮ್ಮನ್ನು "ಅಚ್ಚಿನ ಮನೆಯವರು" ಎನ್ನುತ್ತಿದ್ದಳಂತೆ. "ಅಚ್ಚಿನ ಮನೆಯವರು ಈ ಸಲ ಏನಂತಾರೋ" ಅಂದುಕೊಂಡು ಪತ್ರಿಕೆಗೆ ಕಾಯುತ್ತಿದ್ದಳಂತೆ. ಅಚ್ಚು ಚೆನ್ನಾಗಿ ಬಂದಿರುತ್ತದೋ ಇಲ್ಲವೋ ಎಂಬ ಕಾತರ ಇರಬೇಕು.

ಪಟ್ಟಿಯನ್ನು ಜೊತೆಗೆ ಇಟ್ಟಿದ್ದೇನೆ. ನೀವು ಕೇಳಿದ್ದು ಒಳ್ಳೆಯದೇ ಆಯಿತು, ಏಕೆಂದರೆ ಪಟ್ಟಿ ಮಾಡಲು ಕೂತಾಗ ನನಗೆ ಇನ್ನೊಂದು ಸಂಗತಿ ಹೊಳೆಯಿತು. ಪತ್ರಿಕೆಯ ಇಪ್ಪತ್ತನಾಲ್ಕು ಸಂಚಿಕೆಗಳನ್ನು ಸಾಲಾಗಿ ಹರಡಿದೆ. ಪ್ರತಿ ಅಧ್ಯಾಯವೂ ಎಂಟು ಪುಟ. ಅಷ್ಟೇ ಅಲ್ಲ, ಎಂಟನೆಯ ಪುಟದ ಕೊನೆಯ ಸಾಲಿಗೆ ಸರಿಯಾಗಿ ಮುಗಿಯುತ್ತದೆ. ಒಂದು ಸಾಲು ಹೆಚ್ಚಿಲ್ಲ, ಕಡಿಮೆಯಿಲ್ಲ. ಕೊನೆಯ ಅಧ್ಯಾಯದಲ್ಲಿ ಮಾತ್ರ ಒಂದೇ ಒಂದು ವಾಕ್ಯ ಒಂಬತ್ತನೆಯ ಪುಟಕ್ಕೆ ಹೋಗಿದೆ. "ಬೆಳಿಗ್ಗೆ ಅವಳು ಮತ್ತೆ ಎರಡು ಲೋಟ ತೊಳೆದಳು." ಆ ಪುಟದ ಉಳಿದ ಭಾಗದಲ್ಲಿ ಚಂದಾದಾರರಿಗೆ ಸೂಚನೆ, ಸಣ್ಣ ಅಕ್ಷರದಲ್ಲಿ.

ದೊಡ್ಡಮ್ಮ ಸಾಲು ಎಣಿಸಿ ಬರೆಯುತ್ತಿದ್ದಳೇ? ಎಣಿಸಿ, ಮೀರಿದ್ದನ್ನು ತೂಗಿ, ಯಾವುದಿಲ್ಲದೆಯೂ ಮಾತು ನಿಲ್ಲುತ್ತದೋ ಅದನ್ನೇ ತೆಗೆದು, ಕೊನೆಯಲ್ಲಿ ಆ ಒಂದು ಲೋಟಕ್ಕಾಗಿ ಬೇಲಿ ಹಾರಿದಳೇ? ಇಷ್ಟು ಹಿಡಿತ ಇರುವ ಬರಹಗಾರರನ್ನು ನಾನು ಕಂಡಿಲ್ಲ. ಮನೆಯಲ್ಲಿ ಚಪ್ಪಲಿ ಎಲ್ಲಿ ಬಿಟ್ಟೆ ಎಂದು ದಿನಾ ಹುಡುಕುತ್ತಿದ್ದ ಹೆಂಗಸು ಇವಳೇನಾ ಎಂದು ಬೆರಗಾಗಿ ಕೂತಿದ್ದೇನೆ.

ಅವಳು ಸೋತದ್ದು ಒಂದೇ ಕಡೆ. ಹತ್ತೊಂಬತ್ತನೆಯ ಅಧ್ಯಾಯದಲ್ಲಿ "ಅವಳು ಕಿಟಕಿ ಪಕ್ಕದ ಕುರ್ಚಿಯಲ್ಲಿ ಕೂತಳು. ಕೂತೇಬಿಟ್ಟಳು" ಎಂದಿದೆ. ಕುರ್ಚಿಯಲ್ಲಿ ಕೂರುವುದಕ್ಕೆ ಇಷ್ಟು ಆರ್ಭಟ ಯಾಕೆ? ವಿಮರ್ಶಕರೆಲ್ಲ ಇದನ್ನು ಎತ್ತಿ ಆಡಿದ್ದಾರೆ. ಅಷ್ಟೆಲ್ಲ ಕಿತ್ತವಳು ಇದನ್ನೇಕೆ ಉಳಿಸಿದಳೋ.

ನನ್ನ ಮುನ್ನುಡಿಯಲ್ಲಿ "ತೆಗೆಯುವ ಕಲೆ" ಎಂದು ಒಂದು ಭಾಗವೇ ಇರುತ್ತದೆ. ಬರೆಯಲು ಶುರು ಮಾಡಿದ್ದೇನೆ. ತೆಗೆದ ವಾಕ್ಯಗಳನ್ನು ತೆಗೆದ ಹಾಗೇ ಬಿಡುತ್ತೇನೆ, ಲೇಖಕಿಯ ಕೊನೆಯ ಇಚ್ಛೆ ಅದೇ ತಾನೆ.

ನಿಮ್ಮ,
ನಕಲಿನವರ ಮಗಳು


20 ಮಾರ್ಚ್

ಹಿರಿಯರೇ,

ನಿಮ್ಮಿಂದ ಸುದ್ದಿ ಇಲ್ಲ. ಆರೋಗ್ಯ ಹೇಗಿದೆ? ಪಟ್ಟಿ ಕಳಿಸಿ ನಿಮಗೆ ತೊಂದರೆ ಕೊಟ್ಟೆನೇನೋ. ಹಳೆಯದನ್ನೆಲ್ಲ ನೆನಪು ಮಾಡಿಕೊಳ್ಳಿ ಎಂದು ವಯಸ್ಸಾದವರನ್ನು ಕಾಡುವುದು ನನ್ನಂಥವರ ಕೆಟ್ಟ ಚಾಳಿ, ಅಮ್ಮ ಹಾಗೆಂದು ಬೈದಳು.

ಮುನ್ನುಡಿ ಮುಗಿಯಿತು. ಮೇ ಕೊನೆಗೆ ಪುಸ್ತಕ ಅಚ್ಚಿಗೆ ಹೋಗುತ್ತದೆ. ಮೊದಲ ಪ್ರತಿ ನಿಮಗೇ. ಎರಡು ಸಾಲು ಬರೆದು ಹಾಕಿದರೂ ಸಾಕು.

ನಿಮ್ಮ,
ನಕಲಿನವರ ಮಗಳು


6 ಏಪ್ರಿಲ್

ಅಮ್ಮಾ,

ಆರೋಗ್ಯಕ್ಕೆ ಏನೂ ಆಗಿಲ್ಲ. ಗಟ್ಟಿಯಾಗಿದ್ದೇನೆ. ಹೇಡಿತನ, ಅಷ್ಟೇ. ನಿಮ್ಮ ಕಾಗದ ಬಂದಂದಿನಿಂದ ಸೊಸೆ ದಿನಾ ಕೇಳುತ್ತಾಳೆ, "ಮಾವ, ಉತ್ತರ ಬರೆದ್ರಾ?" ಅಂತ. ಇವತ್ತು ಅವಳಿಗೆ ಎಲ್ಲ ಹೇಳಿದೆ. "ಹಾಗಾದ್ರೆ ಇದನ್ನೇ ಬರೀರಿ, ನನಗೆ ಹೇಳಿದ ಹಾಗೇ" ಎಂದಳು. ಅದಕ್ಕೇ ಬರೆಯುತ್ತಿದ್ದೇನೆ.

ನಿಮ್ಮ ದೊಡ್ಡಮ್ಮನವರು ಕರಡು ತಿದ್ದಲಿಲ್ಲ. ಕರಡು ಅವರಿಗೆ ಹೋಗುತ್ತಲೇ ಇರಲಿಲ್ಲ. ಆ ವಾಕ್ಯಗಳನ್ನು ತೆಗೆದವನು ನಾನು.

ಕಾದಂಬರಿಗೆ ಎಂಟು ಪುಟ ಎಂದು ಮಾಲೀಕರ ಕಟ್ಟಪ್ಪಣೆ. ಒಂಬತ್ತನೆಯದರಲ್ಲಿ ಅವರ ಸೂಚನೆ ಬರಬೇಕು. ನಿಮ್ಮ ಮನೆಯಿಂದ ಅಧ್ಯಾಯ ಬರುತ್ತಿದ್ದದ್ದು ಯಾವಾಗಲೂ ಕೊನೆಯ ಗಳಿಗೆಯಲ್ಲಿ. ಮೊದಲ ತಿಂಗಳು ಜೋಡಿಸಿ ನೋಡುತ್ತೇನೆ, ಒಂದು ಸಾಲು ಹೆಚ್ಚು. ಬರೆದು ಕೇಳೋಣವೆಂದರೆ ಹೋಗಲು ನಾಲ್ಕು ದಿನ, ಬರಲು ನಾಲ್ಕು ದಿನ. ಮಾರನೆಯ ಬೆಳಿಗ್ಗೆ ಯಂತ್ರ ಓಡಬೇಕು. ಮಾಲೀಕರನ್ನು ಕೇಳಿದೆ. "ಎಲ್ಲಾದರೂ ಒಂದು ಸಾಲು ಎತ್ತಿಬಿಡು, ಯಾರು ನೋಡ್ತಾರೆ" ಎಂದರು.

ಎಲ್ಲಾದರೂ ಎತ್ತಲು ನನ್ನಿಂದಾಗಲಿಲ್ಲ. ಇಡೀ ಅಧ್ಯಾಯವನ್ನು ಸೀಸದ ಮೊಳೆಯಲ್ಲೇ ಎರಡು ಸಲ ಓದಿದೆ. ತಾಯಿಗೆ ಕಾಯಿಲೆ, ಡಾಕ್ಟರು ಕೈ ತೊಳೆದುಕೊಂಡು ಬಂದು "ಕೂತ್ಕೊಳ್ಳಿ" ಎನ್ನುತ್ತಾರೆ. ಆಮೇಲೆ ಒಂದು ಸಾಲು ಇತ್ತು: "ಕೆಟ್ಟ ಸುದ್ದಿ ಹೇಳುವವರು ಮಾತ್ರ ಹಾಗೆ ಹೇಳುತ್ತಾರೆ." ಅದರ ಮೇಲೆ ಬೆರಳಿಟ್ಟು ಮುಚ್ಚಿ ಓದಿದೆ. ಎದೆ ಇನ್ನೂ ಜೋರಾಗಿ ಹೊಡೆದುಕೊಂಡಿತು. ತೆಗೆದೆ.

ಬೈಗುಳದ ಕಾಗದ ಬರುತ್ತದೆ ಎಂದು ತಿಂಗಳಿಡೀ ಕಾದೆ. ಬರಲಿಲ್ಲ. ಎರಡನೆಯ ಅಧ್ಯಾಯ ಬಂತು, ಎರಡು ಸಾಲು ಹೆಚ್ಚು. ಹೀಗೇ ಎರಡು ವರ್ಷ. ಪ್ರತಿ ಸಲವೂ ಬೆರಳಿಟ್ಟು ಮುಚ್ಚಿ ಓದುವುದು, ಯಾವುದಿಲ್ಲದಿದ್ದರೂ ಮನಸ್ಸಿಗೆ ತಾಗುತ್ತದೋ ಅದನ್ನು ಎತ್ತುವುದು. ಕೊನೆಯ ಅಧ್ಯಾಯದ ಕೊನೆಯ ಸಾಲಿಗೆ ಬಂದಾಗ ಬೆರಳಿಟ್ಟು ಮುಚ್ಚಿದೆ, ಕಥೆಯೇ ಸತ್ತುಹೋಯಿತು. ತೆಗೆಯಲಾರೆ ಎಂದೆ. ಸೂಚನೆಯನ್ನು ಸಣ್ಣ ಅಕ್ಷರಕ್ಕೆ ಇಳಿಸಿ ಆ ಸಾಲನ್ನು ಅದರ ತಲೆಯ ಮೇಲೆ ಕೂರಿಸಿದೆ. ಮಾಲೀಕರು ಒಂದು ವಾರ ನನ್ನ ಜೊತೆ ಮಾತಾಡಲಿಲ್ಲ.

ಪುಸ್ತಕ ಮಾಡುವಾಗ ನಿಮ್ಮ ದೊಡ್ಡಮ್ಮನವರನ್ನೇ ಕಂಡು, ಕೈ ಮುಗಿದು, ಎಲ್ಲವನ್ನೂ ವಾಪಸ್ ಒಪ್ಪಿಸೋಣ ಎಂದಿದ್ದೆ. ಅಷ್ಟರಲ್ಲಿ ಅವರೇ ಹೋದರು. ನಾನು ಅವರ ಮುಖವನ್ನೂ ನೋಡಿದವನಲ್ಲ. ಓದಿದ್ದು ಏಳನೇ ಕ್ಲಾಸು. ಅಂಥವರ ಬರವಣಿಗೆಗೆ ಕೈ ಹಾಕಲು ನಾನು ಯಾರು? ಯಾರಾದರೂ ಈ ಪುಸ್ತಕ ಹೊಗಳಿದಾಗಲೆಲ್ಲ ಸಂತೋಷಪಡಲೂ ಆಗದೆ, ಬಾಯಿ ಬಿಡಲೂ ಆಗದೆ ನಲವತ್ತು ವರ್ಷ ನುಂಗಿಕೊಂಡಿದ್ದೇನೆ.

ತೆಗೆದ ಸಾಲುಗಳ ಮೊಳೆ ಬಿಚ್ಚುವ ಮೊದಲು ಒಂದೊಂದನ್ನೂ ತುಂಡು ಕಾಗದದ ಮೇಲೆ ಒತ್ತಿ ಇಟ್ಟುಕೊಂಡಿದ್ದೆ. ಬಿಸ್ಕತ್ತಿನ ಡಬ್ಬಿಯಲ್ಲಿ ಕಳಿಸಿದ್ದೇನೆ. ಎಲ್ಲವನ್ನೂ ಅವುಗಳ ಜಾಗಕ್ಕೆ ಸೇರಿಸಿ. ಇಲ್ಲದ ಕಲೆಯನ್ನು ಇದೆ ಎಂದು ಬರೆದು ನೀವು ನಾಲ್ಕು ಜನರ ಮುಂದೆ ತಲೆ ತಗ್ಗಿಸುವ ಹಾಗಾಗಬಾರದು.

ಇಂತಿ,
ಮೊಳೆ ಜೋಡಿಸುತ್ತಿದ್ದವನು


13 ಏಪ್ರಿಲ್

ಮಾನ್ಯರೇ,

ಡಬ್ಬಿ ತಲುಪಿತು. ಒಳಗೆ ನಲವತ್ತು ಚೀಟಿಗಳಿವೆ. ಒಂದು ಎಲ್ಲೋ ಬಿದ್ದುಹೋಗಿರಬೇಕು. ನೋಟ್‌ಬುಕ್ಕಿನಲ್ಲಿ ಎಲ್ಲವೂ ಇರುವುದರಿಂದ ತೊಂದರೆಯಿಲ್ಲ.

ನನ್ನ ಸಿಟ್ಟು ಯಾರ ಮೇಲೆ ಎಂದು ನನಗೇ ತಿಳಿಯುತ್ತಿಲ್ಲ. ದೊಡ್ಡಮ್ಮನ ಶೈಲಿ ಎಂದು ಹನ್ನೊಂದು ವರ್ಷ ಪಾಠ ಮಾಡಿದ್ದು, ಮುನ್ನುಡಿಯಲ್ಲಿ ಮೂವತ್ತು ಪುಟ ಬರೆದದ್ದು, ಒಬ್ಬರು ಜಾಗ ಸಾಲದೆ ಮಾಡಿದ ಹೊಂದಾಣಿಕೆ ಎಂದು ಈಗ ಗೊತ್ತಾಗಿದೆ. ಫೆಬ್ರವರಿಯಲ್ಲೇ ಹೇಳಬಹುದಿತ್ತು.

ಮುನ್ನುಡಿಯನ್ನು ಹರಿದು ಹಾಕಿದೆ. ಲೇಖಕಿ ಬರೆದದ್ದು ಬರೆದ ಹಾಗೇ ಇರಬೇಕು, ಅದು ನನ್ನ ಕೆಲಸದ ಮೊದಲ ನಿಯಮ. ನಲವತ್ತೊಂದು ವಾಕ್ಯಗಳನ್ನೂ ವಾಪಸ್ ಸೇರಿಸುತ್ತಿದ್ದೇನೆ.

ವಂದನೆಗಳು.


21 ಏಪ್ರಿಲ್

ಅಮ್ಮಾ,

ಸರಿ. ನ್ಯಾಯ ಅದೇ.

ಹೊಸ ಪುಸ್ತಕ ಬಂದಾಗ ಕಳಿಸುವ ತೊಂದರೆ ತೆಗೆದುಕೊಳ್ಳಬೇಡಿ. ನಿಮ್ಮ ತಾಯಿಯವರಿಗೆ ನಮಸ್ಕಾರ ತಿಳಿಸಿ. ಅವರ ದುಂಡಕ್ಷರದಿಂದ ನಮಗೆ ಎಷ್ಟು ಅನುಕೂಲವಾಗುತ್ತಿತ್ತು ಎಂದು ಆಗ ಹೇಳಲಿಲ್ಲ.

ಮೊಳೆಯವನು


18 ಮೇ

ಅಚ್ಚಿನ ಮನೆಯವರೇ,

ಇದನ್ನು ಕೂತು ಓದಿ. ಸೊಸೆಯನ್ನೂ ಪಕ್ಕದಲ್ಲಿ ಕೂರಿಸಿಕೊಳ್ಳಿ.

ನಲವತ್ತೊಂದನ್ನೂ ಸೇರಿಸಿ ಹೊಸ ಪಠ್ಯ ಸಿದ್ಧ ಮಾಡಿದೆ. ತಾಳೆ ನೋಡಲು ಅಮ್ಮನ ಮುಂದೆ ಕೂತು ಗಟ್ಟಿಯಾಗಿ ಓದುತ್ತಿದ್ದೆ. ಅವಳು ಬೆಳ್ಳುಳ್ಳಿ ಬಿಡಿಸುತ್ತ ಕೇಳುತ್ತಿದ್ದಳು. ಏಳನೆಯ ಅಧ್ಯಾಯದ "ಇನ್ನು ಅದು ಬೇಕಾಗುವುದಿಲ್ಲ" ಎಂಬಲ್ಲಿಗೆ ಬಂದಾಗ ತಲೆ ಎತ್ತಿದಳು.

"ಇದನ್ನ ಯಾಕೆ ಓದ್ತಿದ್ದೀಯ? ಇದು ಚುಕ್ಕಿ ಇಟ್ಟಿದ್ದಲ್ವಾ."

ನೋಟ್‌ಬುಕ್ಕುಗಳ ಅಂಚಿನಲ್ಲಿ ಅಲ್ಲಲ್ಲಿ ಪೆನ್ಸಿಲಿನ ಚುಕ್ಕಿಗಳಿವೆ. ಅವು ಅಮ್ಮನವು ಎಂದು ತಿಳಿದಿದ್ದೆ. ನಕಲು ಮಾಡುವಾಗ ಎಲ್ಲಿಗೆ ನಿಲ್ಲಿಸಿದೆ ಎಂದು ಇಟ್ಟುಕೊಂಡ ಗುರುತು ಎಂದು ಅಡಿಟಿಪ್ಪಣಿಯನ್ನೂ ಬರೆದಿದ್ದೆ. ಹಾಗೆಂದು ಹೇಳಿದೆ.

"ಅಕ್ಕನ ಪುಸ್ತಕದಲ್ಲಿ ನಾನು ಚುಕ್ಕಿ ಇಡ್ತೀನಾ? ಕೈ ಮುರೀತಿದ್ಲು."

ಮತ್ತೆ ಇಷ್ಟು ವರ್ಷ ಯಾಕೆ ಹೇಳಲಿಲ್ಲ ಎಂದರೆ, ನೀನು ಕೇಳಲಿಲ್ಲ ಎಂದಳು. ನಿಜ. ಸಾಕ್ಷಿಯನ್ನು ಅಡುಗೆಮನೆಯಲ್ಲಿ ಇಟ್ಟುಕೊಂಡು ನಾನು ಊರೂರಿನ ಗ್ರಂಥಾಲಯ ಸುತ್ತಿದೆ. ಚುಕ್ಕಿಗಳ ವಿಷಯ ಅವಳಿಗೂ ಪೂರ್ತಿ ತಿಳಿಯದು. ಚುಕ್ಕಿಯ ವಾಕ್ಯಗಳನ್ನೂ ಬಿಡದೆ ನಕಲು ಮಾಡು, ಚುಕ್ಕಿ ಮಾತ್ರ ಬೇಡ ಎಂದು ದೊಡ್ಡಮ್ಮ ಹೇಳಿದ್ದಳಂತೆ. ಮೊದಲ ನೋಟ್‌ಬುಕ್ಕಿನ ರಟ್ಟಿನ ಒಳಗೆ ಏನೋ ಗೀಚಿದ್ದಾಳೆ, ಬೇಕಾದರೆ ನೋಡಿಕೋ ಎಂದಳು. ದೊಡ್ಡಮ್ಮ ಹೋದ ಮೇಲೆ ಅಮ್ಮನೇ ಎಲ್ಲಕ್ಕೂ ಖಾಕಿ ಕಾಗದದ ಹೊದಿಕೆ ಹಾಕಿದ್ದಳು. ಭಕ್ತಿಯಿಂದ ನಾನು ಅದನ್ನು ಬಿಚ್ಚಿಯೇ ಇರಲಿಲ್ಲ. ಈಗ ಬಿಚ್ಚಿದೆ. ಇದ್ದದ್ದನ್ನು ಇದ್ದ ಹಾಗೇ ಬರೆಯುತ್ತೇನೆ.

"ಎರಡು ಅಧ್ಯಾಯದಲ್ಲಿ ಮೂರು ವಾಕ್ಯ ಹಾರಿಸಿದ್ದಾರೆ. ಸಿಟ್ಟು ಬಂತು. ಕಾಗದ ಬರೆಯಲು ಕೂತು, ಬೈಯುವ ಮೊದಲು ಇನ್ನೊಮ್ಮೆ ಓದೋಣ ಎಂದು ಓದಿದೆ. ಸಿಟ್ಟು ಇಳಿಯಿತು. ಅಚ್ಚಿನ ಮನೆಯಲ್ಲಿ ಯಾರೋ ನನ್ನನ್ನು ಓದುತ್ತಿದ್ದಾರೆ. ಇನ್ನು ಮೇಲೆ ಅವರಿಗಾಗಿ ಪ್ರತಿ ಅಧ್ಯಾಯಕ್ಕೂ ನಾಲ್ಕೈದು ವಾಕ್ಯ ಹೆಚ್ಚು ಬರೆದು, ಅವಕ್ಕೆ ಚುಕ್ಕಿ ಇಡುತ್ತೇನೆ. ಯಾವುದಕ್ಕೆ ಕೈ ಹಾಕುತ್ತಾರೆ ನೋಡೋಣ."

ಚುಕ್ಕಿಗಳನ್ನು ಎಣಿಸಿದೆ. ನೂರ ನಾಲ್ಕು. ಮೂರನೆಯ ಅಧ್ಯಾಯದಿಂದ ನೀವು ತೆಗೆದದ್ದು ಮೂವತ್ತೆಂಟು ವಾಕ್ಯ. ಅದರಲ್ಲಿ ಮೂವತ್ತಾರಕ್ಕೆ ಚುಕ್ಕಿ ಇದೆ. ನೀವು ಚುಕ್ಕಿಗಳನ್ನು ಕಂಡವರಲ್ಲ, ನಿಮಗೆ ಬಂದದ್ದು ಅಮ್ಮನ ನಕಲು. ಕಾದಂಬರಿಯಲ್ಲಿರುವುದು ಸಾವಿರಾರು ವಾಕ್ಯ. ನಾನು ಇದನ್ನು ಮೂರು ಸಲ ಎಣಿಸಿ, ಆಮೇಲೆ ಅಮ್ಮನ ಕೈಯಲ್ಲಿ ಎಣಿಸಿದೆ. ಲೆಕ್ಕ ಬದಲಾಗಲಿಲ್ಲ. ನನಗೆ ಅಳು ಬಂತು, ಅತ್ತುಬಿಟ್ಟೆ.

ಉಳಿದ ಎರಡು ವಾಕ್ಯಗಳಿಗೆ ಚುಕ್ಕಿಯಿಲ್ಲ. ಆದರೆ ಅಚ್ಚಾದ ಮೇಲೆ ಅವುಗಳ ಪಕ್ಕ ಶಾಯಿಯಲ್ಲಿ ಬರೆದಿದ್ದಾಳೆ: "ಇದು ನನಗೆ ಹೊಳೆದಿರಲಿಲ್ಲ." ಕೊನೆಯ ಲೋಟದ ಸಾಲಿಗೂ ಚುಕ್ಕಿ ಇದೆ, ಗೊತ್ತೇ? ಅದರ ಪಕ್ಕ ಹೀಗಿದೆ: "ಬೇಕೆಂದೇ ಇದಕ್ಕೂ ಇಟ್ಟಿದ್ದೇನೆ. ಅವರು ತೆಗೆಯುವುದಿಲ್ಲ."

ನಿಮಗೆ ಯಾಕೆ ಒಂದು ಸಾಲು ಬರೆಯಲಿಲ್ಲ ಎಂದು ಅಮ್ಮನನ್ನು ಕೇಳಿದೆ. ದೊಡ್ಡಮ್ಮ ಯಾವಾಗಲೂ ಹಾಗೇ, ಬಾಯಿ ಬಿಟ್ಟರೆ ಆಟ ಮುಗಿಯಿತು ಎನ್ನುವವಳು ಎಂದಳು. ಹನ್ನೊಂದು ವರ್ಷ ನಾನು ಈ ಪಠ್ಯವನ್ನು ಓದಿದ್ದೇನೆ ಎಂದುಕೊಂಡಿದ್ದೆ. ಓದಿದವರು ನೀವಿಬ್ಬರು.

ನಿಮ್ಮ ಮೇಲೆ ಹರಿಹಾಯ್ದದ್ದಕ್ಕೆ ಕ್ಷಮೆ ಕೇಳುತ್ತೇನೆ. ನಲವತ್ತೊಂದೂ ಮತ್ತೆ ಹೊರಗೆ. ಮುಖಪುಟದ ಒಳಗೆ ನಿಮ್ಮ ಹೆಸರು ಹಾಕಬೇಕು, ಒಪ್ಪಿಗೆ ಕೊಡಿ. ಅಚ್ಚಿಗೆ ಕೊಡುವುದನ್ನು ನಿಮ್ಮ ಉತ್ತರ ಬರುವವರೆಗೆ ತಡೆದಿದ್ದೇನೆ.

ನಿಮ್ಮ ಮಗಳ ಸಮಾನ,
ನಕಲಿನವರ ಮಗಳು


2 ಜೂನ್

ಮಗಳೇ,

ಸೊಸೆ ಎರಡು ಸಲ ಓದಿದಳು. ಮೂರನೆಯ ಸಲ ನಾನೇ ಓದಿಕೊಂಡೆ, ಅಕ್ಷರ ಅಕ್ಷರವಾಗಿ, ಜೋಡಿಸುವವನ ಹಾಗೆ. ಆಮೇಲೆ ಎದ್ದು ಹೊರಗೆ ಹೋಗಿ ಬೀದಿಯ ಕೊನೆಯವರೆಗೂ ನಡೆದು ಬಂದೆ. ಅಂಗಡಿಯವನು ಏನು ಬೇಕು ಎಂದು ಕೇಳಿದ. ಏನೂ ಬೇಡ ಎಂದೆ. ಇಷ್ಟು ಹಗುರವಾಗಿ ಆ ಮಾತು ಹೇಳಿ ಬಹಳ ಕಾಲವಾಗಿತ್ತು.

"ಅಚ್ಚಿನ ಮನೆಯಲ್ಲಿ ಯಾರೋ ನನ್ನನ್ನು ಓದುತ್ತಿದ್ದಾರೆ." ಇದು ಅವರಿಗೆ ಗೊತ್ತಿತ್ತು ಎಂಬುದೇ ನನಗೆ ಸಾಕು. ಮೂವತ್ತಾರು ಚುಕ್ಕಿಯ ವಿಷಯ ಮಾತ್ರ ಹೇಗೆ ಎಂದು ನನಗೆ ಗೊತ್ತಿಲ್ಲ. ಬೆರಳಿಟ್ಟು ಮುಚ್ಚುತ್ತಿದ್ದೆ, ಅಷ್ಟೇ. ಹೆಸರು ಹಾಕಬೇಡಿ. ಜೋಡಿಸಿದವನ ಹೆಸರು ಪುಸ್ತಕದಲ್ಲಿ ಇರುವುದಿಲ್ಲ, ಇದ್ದರೆ ಚೆನ್ನಾಗಿಯೂ ಕಾಣುವುದಿಲ್ಲ.

ಆದರೆ ಅಚ್ಚಿಗೆ ಕೊಡಬೇಡಿ, ಒಂದು ತಿದ್ದುಪಡಿ ಇದೆ. ಎಲ್ಲವೂ ತಪ್ಪು ಎಂದುಕೊಂಡಿದ್ದಾಗ ಈ ಒಂದನ್ನು ಬೇರೆಯಾಗಿ ಹೇಳುವ ಧೈರ್ಯ ಇರಲಿಲ್ಲ. ಈಗ ಉಳಿದವು ಸರಿ ಎಂದಾದ ಮೇಲೆ ಇದನ್ನು ಮುಚ್ಚಿಡುವುದು ಮೋಸ.

ಡಬ್ಬಿಯಿಂದ ಚೀಟಿ ಬಿದ್ದುಹೋಗಿಲ್ಲ. ನಾನೇ ಇಟ್ಟುಕೊಂಡಿದ್ದೆ. ಎರಡನೆಯ ಅಧ್ಯಾಯದ್ದು. ತಾಯಿ ತೀರಿಕೊಂಡ ಮೇಲಿನ ಕೋಣೆಯ ವರ್ಣನೆ: ಮೇಜು, ಪೆಟ್ಟಿಗೆ, ಹೊಲಿಗೆ ಯಂತ್ರ, ಗೋಡೆಯ ಗಡಿಯಾರ. ನಡುವೆ ಒಂದು ಸಾಲು: "ಕಿಟಕಿ ಪಕ್ಕದ ಕುರ್ಚಿಯಲ್ಲಿ ಈಗ ಯಾರೂ ಕೂರುತ್ತಿರಲಿಲ್ಲ." ಬೆರಳಿಟ್ಟು ಮುಚ್ಚಿದೆ. ಏನೂ ಕಡಿಮೆಯಾದಂತೆ ಅನ್ನಿಸಲಿಲ್ಲ. ಸಾಮಾನುಗಳ ಪಟ್ಟಿಯಲ್ಲಿ ಇದೂ ಒಂದು ಸಾಮಾನು ಎಂದು ಎತ್ತಿಬಿಟ್ಟೆ.

ಹದಿನೇಳು ತಿಂಗಳಾದ ಮೇಲೆ ಹತ್ತೊಂಬತ್ತನೆಯ ಅಧ್ಯಾಯ ಬಂತು. "ಅವಳು ಕಿಟಕಿ ಪಕ್ಕದ ಕುರ್ಚಿಯಲ್ಲಿ ಕೂತಳು. ಕೂತೇಬಿಟ್ಟಳು." ಕೈಯಲ್ಲಿದ್ದ ಮೊಳೆ ಅಲ್ಲೇ ನಿಂತಿತು. ಅದು ಸತ್ತ ತಾಯಿಯ ಕುರ್ಚಿ. ಕಥೆಯ ಲೆಕ್ಕದಲ್ಲಿ ಎರಡು ವರ್ಷ ಆ ಮನೆಯಲ್ಲಿ ಯಾರೂ ಕೂರದ ಜಾಗದಲ್ಲಿ ಅವಳು ಕೂತಿದ್ದಾಳೆ. ಅದು ನನಗೆ ಗೊತ್ತಾಯಿತು, ಏಕೆಂದರೆ ನಿಮ್ಮ ಮನೆಯ ಹೊರಗೆ ತೆಗೆದ ಸಾಲನ್ನು ಓದಿದ್ದವನು ನಾನೊಬ್ಬನೇ. ಓದುಗರಿಗೆ ಅದು ಬರೀ ಕುರ್ಚಿ. ನಿಮ್ಮ ವಿಮರ್ಶಕರು ಎತ್ತಿ ಆಡಿದ್ದಕ್ಕೆ ಕಾರಣ ನಾನು, ನಿಮ್ಮ ದೊಡ್ಡಮ್ಮನವರಲ್ಲ. ಅವರು ಎಲ್ಲೂ ಸೋತಿಲ್ಲ. ತಿಂಗಳಿಗೊಂದು ಅಧ್ಯಾಯ ಓದುವವನಿಗೆ ಮುಂದಿನದು ಕಾಣುವುದಿಲ್ಲ, ಆದರೆ ಹಾಗೆ ಹೇಳಿಕೊಂಡು ಎಷ್ಟು ದಿನ ಸಮಾಧಾನ ಮಾಡಿಕೊಳ್ಳಲಿ?

ಚೀಟಿಯನ್ನು ಇದರೊಳಗೆ ಇಟ್ಟಿದ್ದೇನೆ. ಅದನ್ನು ಅದರ ಜಾಗಕ್ಕೆ ಸೇರಿಸಿ. ನಲವತ್ತು ಹೊರಗಿರಲಿ, ಇದೊಂದು ಒಳಗೆ ಬರಲಿ.

ನಿಮ್ಮ,
ಅಚ್ಚಿನ ಮನೆಯವರು


9 ಜೂನ್

ಅಚ್ಚಿನ ಮನೆಯವರೇ,

ಚೀಟಿ ಬಂತು. ಸೇರಿಸಿದೆ. ಆಮೇಲೆ ಎರಡನೆಯ ಅಧ್ಯಾಯದಿಂದ ಹತ್ತೊಂಬತ್ತನೆಯದರವರೆಗೆ ಅಮ್ಮನ ಮುಂದೆ ಒಂದೇ ಉಸಿರಿಗೆ ಓದಿದೆ. "ಕೂತೇಬಿಟ್ಟಳು" ಎಂಬಲ್ಲಿ ಅಮ್ಮನ ಕೈಯಲ್ಲಿದ್ದ ಕೆಲಸ ನಿಂತಿತು. ಚೀಟಿಯ ಆ ಸಾಲನ್ನು ನಾನು ನೋಟ್‌ಬುಕ್ಕಿನಲ್ಲಿ ಕಡಿಮೆಯೆಂದರೆ ನಲವತ್ತು ಸಲ ನೋಡಿದ್ದೇನೆ. ಪಟ್ಟಿಯಲ್ಲಿ ಅದರ ಮುಂದೆ "ಬರೀ ಕೋಣೆಯ ವರ್ಣನೆ" ಎಂದು ಬರೆದಿದ್ದವಳು ನಾನೇ.

ಈಗ ನನ್ನದೂ ಒಂದು ತಪ್ಪೊಪ್ಪಿಗೆ. ರಟ್ಟಿನ ಒಳಗೆ ಇದ್ದದ್ದನ್ನು ಇದ್ದ ಹಾಗೇ ಬರೆಯುತ್ತೇನೆ ಎಂದು ಹೇಳಿ, ಅದರ ಕೆಳಗಿದ್ದ ಒಂದು ಭಾಗವನ್ನು ಬಿಟ್ಟಿದ್ದೆ. ಅಷ್ಟು ವರ್ಷ ನೊಂದವರಿಗೆ ಸಂತೋಷದ ಸುದ್ದಿಯ ಜೊತೆ ಇದನ್ನು ಯಾಕೆ ಹೇಳುವುದು ಎಂದುಕೊಂಡೆ. ದೊಡ್ಡಮ್ಮ ಯಾಕೆ ಹಾಗೆ ಬರೆದಳು ಎಂಬುದೂ ನನಗೆ ಆಗ ಅರ್ಥವಾಗಿರಲಿಲ್ಲ. ನಾನೂ ಒಂದು ಸಾಲು ಎತ್ತಲು ಹೋದೆ ನೋಡಿ, ಎತ್ತಬಾರದ್ದನ್ನೇ ಎತ್ತಿದೆ.

ಆ ರಟ್ಟಿನ ಫೋಟೋ ಇಟ್ಟಿದ್ದೇನೆ. ಅಕ್ಷರ ಬ್ರಹ್ಮಲಿಪಿ, ಆದರೆ ನಿಮಗೆ ಕಷ್ಟವಾಗಲಾರದು. ಹಾರಿಹೋದ ಮೂರು ವಾಕ್ಯಗಳನ್ನು ಅಲ್ಲಿ ಒಂದರ ಕೆಳಗೊಂದು ಬರೆದುಕೊಂಡಿದ್ದಾಳೆ. ಮೊದಲನೆಯದರ ಮುಂದೆ "ಸರಿ" ಎಂದಿದೆ, ಮೂರನೆಯದರ ಮುಂದೆಯೂ "ಸರಿ" ಎಂದಿದೆ. ನಡುವಿನದು ಕುರ್ಚಿಯ ಸಾಲು. ಅದರ ಮುಂದೆ, ನೀವು ಹತ್ತೊಂಬತ್ತನೆಯ ಅಧ್ಯಾಯ ಓದಲು ಇನ್ನೂ ಹದಿನೇಳು ತಿಂಗಳಿದ್ದಾಗ, ಅವಳು ಹೀಗೆ ಬರೆದಿದ್ದಾಳೆ:

"ಇದು ಬೇಕಿತ್ತು. ನಾನು ಹೇಳುವುದಿಲ್ಲ. ಮುಂದೆ ಒಂದು ದಿನ ಅವರೇ ವಾಪಸ್ ತಂದುಕೊಡುತ್ತಾರೆ."